ಒಂಬತ್ತೂ ಅವೆ, ದೊಡ್ಡಮ್ಮ

ಅವರು ಹೋದಾಗ ಬೀಳ್ಕೊಡುಗೆ ಸಮಾರಂಭ ಅಂತ ಒಂದು ಆಗಲಿಲ್ಲ. ನಾನು ಪ್ರೈಮರಿ ಶಾಲೆಯ ಟೀಚರು. ನಿವೃತ್ತರಾದವರಿಗೆಲ್ಲ ಹಾರ ತಂದು, ಹಣ್ಣಿನ ಬುಟ್ಟಿ ಕಟ್ಟಿಸಿ, ಮೈಕಿನ ಮುಂದೆ ನಿಂತು 'ಇವರ ಸೇವೆ ಅಪಾರ' ಎಂದು ಹೇಳಿ ಹೇಳಿ ಸುಸ್ತಾದವಳು. ಆದರೆ ಆಕಾಶದಲ್ಲಿ ಇರುವವರಿಗೆ ಶಾಲು ಎಲ್ಲಿ ಅಂತ ಹೊದಿಸುವುದು? ಹೋಗಲಿ, ಬೀದಿಯವರನ್ನಾದರೂ ಕೂಡಿಸಿ ಎರಡು ಮಾತು ಹೇಳೋಣವೆಂದರೆ, ಅವರು ಹೋದರು ಅನ್ನುವುದನ್ನೇ ಯಾರೂ ನಂಬಲಿಲ್ಲ. "ಏನ್ ಟೀಚರಮ್ಮ, ಕಣ್ಣು ಮಂಜಾಯ್ತಾ ನಿಮಗೆ? ಅಲ್ಲೇ ಅವ್ರಲ್ಲ!" ಎಂದು ಪಕ್ಕದ ಮನೆಯವಳು ಕೆರೆ ಏರಿಯ ಮೇಲಕ್ಕೆ ಕೈ ತೋರಿಸಿದಳು. ನಿಜವೇ. ಒಂಬತ್ತು ನಕ್ಷತ್ರ, ತಲೆ ಮೇಲೆ ಕೈ ಹೊತ್ತು ಕೂತ ಹೆಂಗಸಿನ ಹಾಗೆ, ಅಲ್ಲೇ ಇದ್ದವು. ಇನ್ನೂ ನಲವತ್ತು ವರ್ಷ ಹಾಗೇ ಕಾಣುತ್ತವೆ. ಯಾಕೆ ಅಂತ ಆಮೇಲೆ ಹೇಳುತ್ತೇನೆ.

ನಮ್ಮ ಕಡೆ ನಕ್ಷತ್ರದವರು ಮಾತಾಡುವುದು ದೊಡ್ಡ ಸುದ್ದಿಯಲ್ಲ. ಅಶ್ವಿನಿಯಿಂದ ರೇವತಿಯವರೆಗೆ ಇಪ್ಪತ್ತೇಳು ಜನ ಪಂಚಾಂಗದವರ ಜೊತೆ, ಹೊಲಗದ್ದೆ ಇದ್ದವರ ಜೊತೆ ಹಿಂದಿನಿಂದಲೂ ಮಾತಾಡಿಕೊಂಡು ಬಂದವರು. ಹಳೇಬೀಡಿನ ಅಂಚಿನಲ್ಲಿ, ಕೆರೆ ಏರಿಗೆ ಬೆನ್ನು ಹಾಕಿಕೊಂಡಿರುವ ನಮ್ಮ ಹದಿನಾಲ್ಕು ಮನೆಗಳನ್ನು ಆ ಇಪ್ಪತ್ತೇಳು ಜನ ಯಾವತ್ತೂ ಮಾತಾಡಿಸಿದ್ದಿಲ್ಲ. ಮಾತಾಡಿಸುತ್ತಿದ್ದವರು ಇವರೊಬ್ಬರೇ. ಇವರು ಪಂಚಾಂಗದಲ್ಲಿ ಇಲ್ಲ. ತಲೆ ಮೇಲೆ ಕೈ ಹೊತ್ತು ಕೂತವರನ್ನು ಶುಭಕಾರ್ಯಕ್ಕೆ ಕರೆಯುವುದು ಹೇಗೆ ಎಂದು ಹಿಂದೆ ಯಾರೋ ಬಿಟ್ಟುಬಿಟ್ಟರಂತೆ. ನಾವೆಲ್ಲ ದೊಡ್ಡಮ್ಮ ಅನ್ನುತ್ತಿದ್ದೆವು. ನಿಜವಾದ ಹೆಸರೇನು ಎಂದು ನಮ್ಮವ್ವ ಒಮ್ಮೆ ಕೇಳಿದ್ದಕ್ಕೆ, "ಹೆಸ್ರು ಗೊತ್ತಾದ್ರೆ ಕೆಲ್ಸ ಹೇಳ್ತಾರೆ ಕಣವ್ವ, ಬ್ಯಾಡ" ಅಂದಿದ್ದರಂತೆ.

ಬೀದಿಯ ತುದಿಯಲ್ಲಿ ಹೊಂಗೆ ಮರ. ಅದರ ಕೆಳಗೆ ದನಗಳಿಗೆ ನೀರಿಡುವ ಕಲ್ಲಿನ ಬಾನಿ. ದೊಡ್ಡಮ್ಮನ ಮಾತು ಆ ಬಾನಿಯ ನೀರಿನಿಂದ ಬರುತ್ತಿತ್ತು. ದಿನಕ್ಕೊಂದು ಮನೆಯ ಸರದಿ. ಸಂಜೆ ದೀಪ ಹಚ್ಚಿದ ಮೇಲೆ ಸರದಿಯ ಮನೆಯವರು ಒಂದು ಬಿಂದಿಗೆ ನೀರು ತಂದು ಬಾನಿಗೆ ಹಾಕಬೇಕು. ಮರದ ಕೆಳಗಿಂದ ಹತ್ತು ಹೆಜ್ಜೆ ಬಯಲಿಗೆ ಬಂದು, ತಲೆ ಎತ್ತಿ, ಬೆರಳು ಮಾಡಿ ಎಣಿಸಬೇಕು. ವಾಪಸು ಹೋಗಿ, ಬಾನಿಗೆ ಬಗ್ಗಿ, "ಒಂಬತ್ತೂ ಅವೆ, ದೊಡ್ಡಮ್ಮ" ಅನ್ನಬೇಕು. ಮೋಡ ಇದ್ದ ದಿನ "ಮೋಡ, ದೊಡ್ಡಮ್ಮ" ಅಂದರೂ ನಡೆಯುತ್ತಿತ್ತು.

ಯಾಕೆ ಎಣಿಸಬೇಕು ಎಂದು ಚಿಕ್ಕವಳಿದ್ದಾಗ ನಾನೇ ಕೇಳಿದ್ದೆ. "ನಾವು ಒಂಬತ್ತು ಜನ ಕಣೇ. ಒಬ್ಬೊಬ್ರೂ ಒಂದೊಂದು ದಿಕ್ಕು, ಒಬ್ರಿಗೊಬ್ರು ದೂರ. ಕೆಳಗಡೆ ಯಾರೋ ಒಬ್ರು ನಿಂತ್ಕೊಂಡು ಎಣಿಸಿದ್ರೆ ಎಲ್ಲಾ ಸೇರಿ ನಾನು ಅಂತ ಆಯ್ತೀನಿ. ಇಲ್ದಿದ್ರೆ ಅವರವರ ದಾರಿ ಅವರಿಗೆ. ಎಣಿಸೋರು ಇರೋಗಂಟ ಇರ್ತೀನಿ ಅಂತ ನಿಮ್ಮ ಹಿರೀಕ್ರಿಗೆ ಮಾತು ಕೊಟ್ಬುಟ್ಟಿವ್ನಿ" ಅಂದರು. ಕೂತಿದ್ದೀರಲ್ಲ, ಅದೇನು ಕಷ್ಟ ಎಂದೆ. "ಕೂತಂಗೆ ಕಾಣ್ತೀನಿ ಅಷ್ಟೆ. ಒಂದು ಕೈ ತಲೆ ಮ್ಯಾಲೆ ಇಟ್ಕಂಡು, ಮೊಣಕಾಲು ಮಡಿಸ್ಕೊಂಡು ಒಂದು ಗಳಿಗೆ ನಿಂತು ನೋಡು, ಗೊತ್ತಾಯ್ತದೆ" ಅಂದರು. ನಾನು ನಿಂತು ನೋಡಿ ಬಿದ್ದೆ.

ಅವರ ಮಾತು ಶುರುವಾಗುವುದೇ "ಉಸ್ಸಪ್ಪಾ" ಅಂತ. ನಮಗೆ ಅವರು ಕಾಣುತ್ತಿದ್ದುದು ಎಂಟು ತಿಂಗಳು. ಮಳೆಗಾಲದ ನಾಲ್ಕು ತಿಂಗಳು ಕಾಣುತ್ತಿರಲಿಲ್ಲ, ಎಣಿಕೆಯೂ ಇರುತ್ತಿರಲಿಲ್ಲ. ನಾನು ಕೆಲಸಕ್ಕೆ ಸೇರಿದ ಹೊಸದರಲ್ಲಿ, "ನಿಮಗೇನು ದೊಡ್ಡಮ್ಮ, ವರ್ಷಕ್ಕೆ ನಾಲ್ಕು ತಿಂಗಳು ರಜ" ಎಂದುಬಿಟ್ಟೆ. "ರಜ ಯಾರು ಕೊಟ್ರೇ? ಅದು ಹಗಲು ಪಾಳಿ. ಬಿಸಿಲಿಗೆ ನಿಮ್ಮ ಕಣ್ಣಿಗೆ ಕಾಣಾಕಿಲ್ಲ ಅಷ್ಟೆ" ಎಂದು ರೇಗಿದರು. ಆ ಹೊತ್ತಿಗೆ ನಾನು ದಿನಾ ಎರಡು ಬಸ್ಸು ಬದಲಾಯಿಸಿ ಬಾಣಾವರದ ಆಚೆಯ ಶಾಲೆಗೆ ಹೋಗಿ ಬರುತ್ತಿದ್ದೆ. ಬೇಸಿಗೆ ರಜದಲ್ಲಿ ಜನಗಣತಿ, ಚುನಾವಣೆ, ಮಕ್ಕಳ ಸಮೀಕ್ಷೆ. ಹಾಗಾಗಿ ಅವರ ಮಾತು ನನಗೆ ಬೇಗ ಅರ್ಥವಾಯಿತು.

ಇನ್ನೊಂದು ವಿಷಯ ಹೇಳದಿದ್ದರೆ ಅವರ ಬಗ್ಗೆ ಏನೂ ಹೇಳಿದ ಹಾಗಾಗುವುದಿಲ್ಲ. ನಾವು ಆಡಿದ ಮಾತು ಅವರಿಗೆ ಆಗಿಂದಾಗಲೇ ಕೇಳುತ್ತಿತ್ತು. ಆದರೆ ಅವರ ಕಣ್ಣಿಗೆ ಬೀಳುತ್ತಿದ್ದುದು ನಲವತ್ತು ವರ್ಷ ಹಿಂದಿನದು. "ಮಾತು ಎಕ್ಸ್‌ಪ್ರೆಸ್ಸು ಕಣೇ. ನೋಟ ಅರಸೀಕೆರೆ ಪ್ಯಾಸೆಂಜರು. ಎಲ್ಲಾ ಟೇಸನ್ನಾಗೂ ನಿಂತ್ಕಂಡು ಬತ್ತದೆ" ಎಂದು ಅವರೇ ಹೇಳುತ್ತಿದ್ದರು. ನಮ್ಮದೂ ಅದೇ ಕಥೆ. ನಾವು ಬೆರಳು ಮಾಡಿ ಎಣಿಸುತ್ತಿದ್ದುದು ನಲವತ್ತು ವರ್ಷ ಹಿಂದಿನ ದೊಡ್ಡಮ್ಮನನ್ನೇ. ಅವರು ಹೋದ ಮೇಲೂ ಆ ಒಂಬತ್ತು ಕಾಣುತ್ತಿರುವುದು ಅದಕ್ಕೆ.

ಈ ತಡದ ನೋಟದಿಂದ ಆಗುತ್ತಿದ್ದ ಫಜೀತಿ ಒಂದೆರಡಲ್ಲ. ಬಾನಿಯ ಹತ್ತಿರ ನಿಂತರೆ, "ಹಿಂದಕ್ಕೆ ಸರಿಯೇ, ಕೊಂಬಿನ ಹಸ ಬತ್ತಾ ಐತೆ" ಅನ್ನುವರು. ತಿರುಗಿ ನೋಡಿದರೆ ಸ್ಕೂಟರು ನಿಂತಿರುತ್ತಿತ್ತು. ಹೊಸ ಬಸ್ ನಿಲ್ದಾಣದ ಹತ್ತಿರ ಯಾರನ್ನೋ ಕಾಯುತ್ತಿದ್ದೆ ಎಂದರೆ, "ರಾಗಿ ಹೊಲದಾಗೆ ನಿಂತ್ಕಂಡು ಯಾರನ್ನೇ ಕಾಯೋದು?" ಎಂದು ಕೇಳುವರು. ಹುಡುಗರು ಪರೀಕ್ಷೆ ಪಾಸಾಗುತ್ತೇವೋ ಇಲ್ಲವೋ ಎಂದು ಕೇಳಲು ಬಂದರೆ, "ಮುಂದಿಂದು ಆ ಇಪ್ಪತ್ತೇಳು ಜನಕ್ಕೆ ಗೊತ್ತಂತೆ, ಅವ್ರನ್ನ ಕೇಳಿ. ನಂಗೆ ಇವತ್ತಿಂದೇ ಕಾಣಾಕಿಲ್ಲ" ಎಂದು ಕಳಿಸುತ್ತಿದ್ದರು.

ನಮ್ಮಪ್ಪ ಮನೆಯಲ್ಲಿ ಬುದ್ಧನ ಪಟ ಹಾಕಿದ ಮೇಲೆ ಜಾತಕ, ನಕ್ಷತ್ರ, ರಾಹುಕಾಲ ಎಲ್ಲವನ್ನೂ ಹೊಸಿಲಾಚೆ ಇಟ್ಟವನು. ಹಾಗಾದರೆ ದೊಡ್ಡಮ್ಮನೂ ನಕ್ಷತ್ರವೇ ಅಲ್ಲವೇ ಎಂದು ಯಾರೋ ಕೆಣಕಿದರು. "ಅವ್ರು ನಕ್ಷತ್ರ ಅಂತ ಯಾವನ್ಲಾ ಅಂದೋನು? ನಮ್ಮ ಬೀದಿಯೋರು ಅವ್ರು" ಎಂದು ಅಪ್ಪ ದಬಾಯಿಸಿದ. ನಮ್ಮಲ್ಲಿ ಯಾರಿಗೂ ಹುಟ್ಟಿದ ನಕ್ಷತ್ರ ಗೊತ್ತಿರಲಿಲ್ಲ, ಬರೆದಿಟ್ಟವರು ಯಾರು? ಕೇಳಿದವರಿಗೆಲ್ಲ ದೊಡ್ಡಮ್ಮನ ನಕ್ಷತ್ರ ಅಂದುಬಿಡುತ್ತಿದ್ದೆವು. ನನಗೆ ಅರೇಹಳ್ಳಿಯಿಂದ ಒಂದು ಸಂಬಂಧ ಬಂದಾಗ ಅವ್ವ ಹಾಗೇ ಹೇಳಿದಳು. ಹುಡುಗನ ಸೋದರಮಾವ ಗುಟ್ಟಾಗಿ ಬೇಲೂರಿನ ಜೋಯಿಸರೊಬ್ಬರ ಹತ್ತಿರ ಹೋದ. ಅವರು ಪಂಚಾಂಗ ತಿರುವಿ ಹಾಕಿ ನಕ್ಕರಂತೆ. ಸಂಬಂಧ ಅಲ್ಲಿಗೇ ನಿಂತಿತು. ದೊಡ್ಡಮ್ಮ ಅವ್ವನನ್ನು ಚೆನ್ನಾಗಿ ಬೈದರು. "ನನ್ನ ಹೆಸ್ರು ಹೇಳಿ ಯಾಕವ್ವ ಮರ್ವಾದೆ ಕಳಕೊಂಡೆ? ರೋಹಿಣಿ ಅಂದಿದ್ರೆ ಆಗ್ತಿತ್ತು. ಅವಳೇನು ಇಳಿದು ಬಂದು ಸಾಕ್ಷಿ ಕೇಳ್ತಿದ್ಲಾ?" ಅವ್ವನೂ ಬಿಡಲಿಲ್ಲ. "ಇರೋದು ಹೇಳಕ್ಕೆ ಯಾಕ್ ನಾಚ್ಕೆ? ಗಂಡು ಬೇಕಾದ್ರೆ ಹತ್ತು ಸಿಗ್ತವೆ" ಅಂದಳು. ಹತ್ತು ಸಿಗಲಿಲ್ಲ, ಒಂದು ಸಿಕ್ಕಿತು. ನಕ್ಷತ್ರ ಕೇಳದವರು, ಬೇಲೂರಿನಲ್ಲಿ ನೌಕರಿ. ನಮ್ಮ ಬೀದಿಯಲ್ಲೇ ಮನೆ ಮಾಡಿದೆವು.

ತೊಂಬತ್ತರ ದಶಕ ಅರ್ಧ ಕಳೆಯುವ ಹೊತ್ತಿಗೆ ಸರದಿ ಹಾಳಾಯಿತು. ಮನೆಮನೆಗೂ ನಲ್ಲಿ ಬಂತು, ದನ ಕಡಿಮೆಯಾದವು, ದೀಪ ಹಚ್ಚುವ ಹೊತ್ತಿಗೆ ಟೀವಿಯಲ್ಲಿ ಧಾರಾವಾಹಿ. ಸುತ್ತಿ ಸುತ್ತಿ ಹದಿನಾಲ್ಕು ಮನೆಯ ಸರದಿಯೂ ನಮ್ಮವ್ವನ ತಲೆಗೆ ಬಂತು. ಅವ್ವ ಗೊಣಗುತ್ತಲೇ ಬಿಂದಿಗೆ ಎತ್ತುತ್ತಿದ್ದಳು. ಒಂದು ದಿನ ತಪ್ಪಿಸಿದವಳಲ್ಲ ಎಂದು ಬೀದಿಗೆ ಬೀದಿಯೇ ಹೇಳುತ್ತಿತ್ತು.

ಆದರೆ ಅವ್ವನ ಮುಖವನ್ನು ದೊಡ್ಡಮ್ಮ ನೋಡಿಯೇ ಇರಲಿಲ್ಲ. ಅವ್ವ ಈ ಬೀದಿಗೆ ಸೊಸೆಯಾಗಿ ಬಂದು ಆಗಿನ್ನೂ ನಲವತ್ತು ವರ್ಷ ತುಂಬಿರಲಿಲ್ಲ. ದೊಡ್ಡಮ್ಮನ ಕಣ್ಣಿಗೆ ಇನ್ನೂ ನಮ್ಮಜ್ಜಿಯೇ ನೀರು ತರುತ್ತಿದ್ದಳು. ಅಷ್ಟು ವರ್ಷ ಇಬ್ಬರೂ ದಿನಾ ಮಾತಾಡಿದ್ದರು, ಜಗಳವಾಡಿದ್ದರು, ಒಬ್ಬರಿಗೊಬ್ಬರು ಗೊಣಗಿದ್ದರು. "ಲೇ, ನಿಮ್ಮವ್ವ ಹೆಂಗವ್ಳೆ ನೋಡಾಕೆ?" ಎಂದು ನನ್ನನ್ನು ಕೇಳುತ್ತಿದ್ದರು. ಅವ್ವ ನಗುತ್ತಿದ್ದಳು. "ಅವಸರ ಯಾಕೆ ದೊಡ್ಡಮ್ಮ, ಊರಿಗೆ ಬಂದೋಳು ನೀರಿಗೆ ಬರ್ದೆ ಇರ್ತಾಳಾ? ಇನ್ನೊಂದ್ ವರ್ಷ ತಡ್ಕಳಿ" ಅನ್ನುತ್ತಿದ್ದಳು.

ಆ ಒಂದು ವರ್ಷ ಅವ್ವನಿಗೆ ಇರಲಿಲ್ಲ. ಹೊಟ್ಟೆನೋವು ಎಂದು ಹಾಸನದ ಆಸ್ಪತ್ರೆಗೆ ಸೇರಿದವಳು ಮೂರು ವಾರಕ್ಕೆ ತೀರಿಕೊಂಡಳು. ಅದನ್ನು ಬಾನಿಗೆ ಬಗ್ಗಿ ಹೇಳಿದವಳು ನಾನೇ. ಆಮೇಲೆ ದೊಡ್ಡಮ್ಮ ಮೆಲ್ಲಗೆ, "ನಾನೂ ಹೋಗ್ತೀನಿ ಕಣೇ. ಸಾಕಾಯ್ತು. ಕೈ ಸೋತು ಹೋಗೈತೆ. ನಾಳೆಯಿಂದ ಎಣಿಸಬ್ಯಾಡ" ಅಂದರು.

ನಾನು ಬಿಡಲಿಲ್ಲ. ಇಷ್ಟು ವರ್ಷ ಕಾದು ಮುಖ ನೋಡದೆ ಹೋಗುತ್ತೀರಾ ಎಂದು ಕೇಳಿದೆ. ಅದು ಅವರಿಗೋಸ್ಕರ ಕೇಳಿದ್ದಲ್ಲ. ಅವ್ವ ಮತ್ತೊಮ್ಮೆ ಬರುವುದು ನನಗೆ ಬೇಕಾಗಿತ್ತು. ಅವರು ಒಪ್ಪಿದರು. ಬೀದಿಯಲ್ಲಿ ಬೇರೆ ಯಾರೂ ಮುಂದೆ ಬಾರದ್ದರಿಂದ ಬಿಂದಿಗೆ ನನ್ನ ಸೊಂಟಕ್ಕೆ ಬಂತು.

ಅವ್ವ ಸತ್ತ ಮರುವರ್ಷ ಅವ್ವ ಮದುವೆಯಾಗಿ ಬಂದಳು. ಆ ಸಂಜೆ ನಾನು ಶಾಲೆಯಿಂದ ಬಂದು ಚೀಲ ಕೂಡ ಇಳಿಸಿರಲಿಲ್ಲ, ಬಾನಿಯಿಂದ ಕೂಗು ಬಂತು. "ಬಂದ್ಲು ಕಣೇ! ಎತ್ತಿನ ಗಾಡಿಯಿಂದ ಇಳೀತಾವ್ಳೆ. ಅಯ್ಯೋ, ಇಷ್ಟುದ್ದ ಅವ್ಳಲ್ಲೇ! ಮಾತು ಕೇಳಿ ಕುಳ್ಳಿ ಅಂದ್ಕೊಂಡಿದ್ದೆ. ಸೆರಗು ಕಾಲಿಗೆ ಸಿಕ್ಕಾಕ್ಕೊಂಡು ಮುಗ್ಗರಿಸಿದ್ಲು. ನಿಮ್ಮಜ್ಜಿ ಮುಖ ನೋಡ್ಬೇಕು ನೀನು!" ನಾನು ಬಾನಿಯ ಅಂಚು ಹಿಡಿದುಕೊಂಡು ಅತ್ತೆ. ದೊಡ್ಡಮ್ಮ ಸುಮ್ಮನೆ ಹೇಳುತ್ತಾ ಹೋದರು.

ಆಮೇಲೆ ಐದಾರು ವರ್ಷ ನನ್ನ ಸಂಜೆಗಳು ಅವ್ವನ ಸುದ್ದಿಯಲ್ಲಿ ಕಳೆದವು. ಅವ್ವ ಇವತ್ತು ರಾಗಿ ಬೀಸಿದಳು, ಅಜ್ಜಿಯ ಜೊತೆ ಮುನಿಸಿಕೊಂಡು ಏರಿ ಮೇಲೆ ಹೋಗಿ ಕೂತಳು, ಅಪ್ಪ ಸಂತೆಯಿಂದ ತಂದ ಬಳೆ ಹಾಕಿಕೊಂಡು ಕೈ ಅಲ್ಲಾಡಿಸಿದಳು. ನೀರು ತಂದಾಗ ಅವ್ವ ಬಯಲಿಗೆ ಬಂದು ಎಣಿಸುವ ರೀತಿಯನ್ನು ದೊಡ್ಡಮ್ಮ ಹೆಮ್ಮೆಯಿಂದ ಹೇಳುತ್ತಿದ್ದರು. "ಬೇರೆಯೋರೆಲ್ಲ ಕಣ್ಣಲ್ಲೇ ಎಣಿಸಿ ಓಡೋಗೋರು. ನಿಮ್ಮವ್ವ ಒಂದೊಂದಕ್ಕೂ ಬೆರಳಿಕ್ಕಿ ಎಣಿಸ್ತಾಳೆ ಕಣೇ."

ಆದರೆ ಅವರ ದನಿ ದಿನೇ ದಿನೇ ಇಳಿಯುತ್ತಿತ್ತು. ಒಂದು ವಾಕ್ಯ ಹೇಳಿ ಸುಧಾರಿಸಿಕೊಳ್ಳುವರು. ಯಾರೋ ಒಬ್ಬ ನಕ್ಷತ್ರ, ಮೊಣಕಾಲಿನವನಂತೆ, ಜಾರುತ್ತಿದ್ದಾನೆ, ಅವನನ್ನು ಎಳೆದು ಹಿಡಿದುಕೊಂಡಿದ್ದೇನೆ ಅನ್ನುವರು. "ಮುಖ ನೋಡಿದ್ದಾಯ್ತಲ್ಲ, ಇನ್ನು ಹೋಗ್ಲಾ?" ಎಂದು ಮೊದಲ ವರ್ಷವೇ ಕೇಳಿದರು. ಅವ್ವ ಬಸುರಿಯಾಗುವವರೆಗೆ ಇರಿ ಎಂದೆ. ಬಸುರಿಯಾದಳು. ನಾನು ಹುಟ್ಟುವವರೆಗೆ ಇರಿ ಎಂದೆ. ಹುಟ್ಟಿದೆ. "ಕರ್ರಗೆ ಒಂದು ಹಿಡಿ ಇದ್ದೀಯ, ಬಾಯಿ ಮಾತ್ರ ಊರಗಲ" ಎಂದು ವರ್ಣಿಸಿದರು. ನಾನು ನಡೆಯುವವರೆಗೆ ಇರಿ ಎಂದೆ. ಶಾಲೆಗೆ ಸೇರುವವರೆಗೆ ಎಂದು ಮುಂದಿನದನ್ನೂ ಮನಸ್ಸಿನಲ್ಲಿ ಇಟ್ಟುಕೊಂಡಿದ್ದೆ. ಸುಸ್ತಾದ ಮನುಷ್ಯರಿಂದ ಇನ್ನೊಂದು ಕೆಲಸ ಹೇಗೆ ಮಾಡಿಸಿಕೊಳ್ಳುವುದು ಎಂದು ಇಲಾಖೆ ನನಗೆ ಚೆನ್ನಾಗಿಯೇ ಕಲಿಸಿತ್ತು. ಎಣಿಸುವವರು ಇರುವವರೆಗೆ ಅವರು ಮಾತು ತಪ್ಪುವವರಲ್ಲ ಎಂದು ಗೊತ್ತಿತ್ತು. ಅದಕ್ಕೇ ಒಂದು ದಿನವೂ ಬಿಡದೆ ಎಣಿಸುತ್ತಿದ್ದೆ. ಎಣಿಸುತ್ತಿದ್ದೆ ಎಂದರೆ, ಹಾಗೆ ಹೇಳುತ್ತಿದ್ದೆ. ಬಸ್ಸಿನಲ್ಲಿ ನಿಂತು ಬಂದ ಕಾಲಿಗೆ ಆ ಹತ್ತು ಹೆಜ್ಜೆ ಯಾವಾಗ ಭಾರವಾಯಿತೋ ತಿಳಿಯದು. ನೀರು ಹಾಕಿ, ಮರದ ಕೆಳಗೇ ನಿಂತು, "ಒಂಬತ್ತೂ ಅವೆ ದೊಡ್ಡಮ್ಮ, ಅವ್ವ ಏನು ಮಾಡುತ್ತಿದ್ದಾಳೆ?" ಎಂದು ಒಂದೇ ಉಸಿರಿಗೆ ಕೇಳುತ್ತಿದ್ದೆ.

ನಾನು ಹುಟ್ಟಿ, ದೊಡ್ಡಮ್ಮನ ಕಣ್ಣಲ್ಲಿ, ಮೂರು ತಿಂಗಳಾಗಿದ್ದಾಗಿನ ಮಾತು. ಆ ಸಂಜೆಯೂ ಅದನ್ನೇ ಕೇಳಿದೆ.

"ನಿಮ್ಮವ್ವ ರಾಗಿ ಕುಯ್ಯೋ ಕೂಲಿಯಿಂದ ಬಂದ್ಲು" ಅಂದರು. "ನೀನು ಕಂಕುಳಾಗೆ. ಬಿಂದಿಗೆ ಇನ್ನೊಂದು ಕಂಕುಳಾಗೆ. ಮರದ ಕೆಳೀಕೆ ಹೋದ್ಲು. ಆಚೆಗೆ ಬರ್ಲೇ ಇಲ್ಲ ಕಣೇ."

"ಆಮೇಲೆ?"

"ಆಮೇಲೇನು, ಅವತ್ತು ಅವಳು ಅಂದ ಮಾತು ನಂಗೆ ಇನ್ನೂ ನೆನಪೈತೆ. ನೀನು ಹುಟ್ಟಿದ ಹೊಸದು, ನಿನ್ನ ಅಳು ಪಕ್ಕದಾಗೇ ಕೇಳ್ತಿತ್ತು. ಒಂಬತ್ತೂ ಅವೆ ದೊಡ್ಡಮ್ಮ ಅಂದಿದ್ಲು. ಬಯಲಿಗೆ ಬರ್ದೇ ಅಂದಿದ್ಲು."

ಒಂದು ದಿನ ಏನೋ ಆಗಿರಬೇಕು ಎಂದೆ.

"ಒಂದು ದಿನ ಅಲ್ಲ. ನಾನೂ ಹಂಗೇ ಅಂದ್ಕೊಂಡು ಎಂಟು ದಿನದಿಂದ ಬಾಯಿ ಮುಚ್ಕಂಡು ನೋಡ್ತಾ ಇವ್ನಿ. ದಿನಾ ಅದೇ. ಮರದ ಕೆಳಗಿಂದ ಎರಡು ಕಾಲು ಮಾತ್ರ ಆಚೆ ಕಾಣ್ತವೆ. ಕಾಲು ಚಾಚ್ಕಂಡು ಕೂತವ್ಳೆ. ಕಾಲ ಮ್ಯಾಲೆ ನಿನ್ನ ಮಲಗಿಸ್ಕೊಂಡವ್ಳೆ. ನಿದ್ದೆ ಹೋಗಿರ್ಬೇಕು ಕಣೇ, ಬಾಳ ಹೊತ್ತು ಕಾಲು ಅಲ್ಲಾಡಾಕಿಲ್ಲ."

ಅವ್ವನ ಪರವಾಗಿ ಏನಾದರೂ ಹೇಳಬೇಕಾಗಿತ್ತು. "ದಣಿದಿದ್ದಳು ದೊಡ್ಡಮ್ಮ. ಹಸಿ ಬಾಣಂತಿ, ಮೂರು ತಿಂಗಳಿಗೇ ಕೂಲಿಗೆ ಹೋಗಿದ್ದಾಳೆ" ಎಂದೆ.

ದೊಡ್ಡಮ್ಮ ನಕ್ಕರು. ಅಷ್ಟು ವರ್ಷದಲ್ಲಿ ಅವರು ಹಾಗೆ ನಕ್ಕಿದ್ದನ್ನು ನಾನು ಕೇಳಿರಲಿಲ್ಲ. ಬಾನಿಯ ನೀರು ಅಂಚಿನಿಂದ ಚೆಲ್ಲಿತು. "ಅದನ್ನೇ ನಾನೂ ಹೇಳ್ತಿರೋದು. ಅವಳು ದಣಿದ್ಲು, ಕೂತ್ಲು. ಬೆರಳಿಕ್ಕಿ ಎಣಿಸ್ತಾಳೆ, ಒಂದು ಬೆರಳು ಆಚೀಚೆ ಆಗ್ಬಾರ್ದು ಅಂತ ನಾನು ಮೇಲೆ ಮೈ ಬಿಗಿ ಹಿಡ್ಕಂಡು ನಿಂತಿದ್ದೆ. ನಲವತ್ತು ವರ್ಷ ಕಣೇ! ಇಲ್ಲಿ ನೋಡಿದ್ರೆ ಮಹಾತಾಯಿ ನಿದ್ದೆ ಹೊಡೀತಾವ್ಳೆ."

ನಗು ನಿಂತ ಮೇಲೆ, "ನೀನು?" ಅಂದರು.

ಹಾಜರಿ ಪುಸ್ತಕದಲ್ಲಿ ಬಾರದ ಮಕ್ಕಳಿಗೂ ಹಾಜರಿ ಹಾಕಿ ಶಾಲೆ ಉಳಿಸಿದವಳು ನಾನು. ಸುಳ್ಳು ಹೇಳುವುದು ಕಷ್ಟವಾಗಿರಲಿಲ್ಲ. ಆದರೆ ಆಗಲಿಲ್ಲ. "ನಾನೂ ಅಷ್ಟೆ, ದೊಡ್ಡಮ್ಮ. ಮೂರು ವರ್ಷವಾಯಿತು, ತಲೆ ಎತ್ತಿ ನೋಡಿ" ಎಂದೆ.

ಬೈಯಲಿಲ್ಲ. "ತಾಯಿಯಂಗೆ ಮಗಳು" ಅಂದರು. "ಬ್ಯಾಸರ ಮಾಡ್ಕಬ್ಯಾಡ. ಅವ್ಳು ಕಣ್ಣು ಮುಚ್ಚಿದ್ರೂ ಅವತ್ತು ಒಬ್ರು ನನ್ನ ನೋಡ್ತಾ ಇದ್ರು. ಕಾಲ ಮ್ಯಾಲೆ ಅಂಗಾತ ಮಲಗಿದ್ದೋಳು ನೀನು. ಕಣ್ಣು ಬಿಟ್ಕಂಡು ನನ್ನೇ ನೋಡ್ತಾ ಇದ್ದೀಯ. ಎಣಿಸಾಕೆ ಬರ್ತಿರ್ಲಿಲ್ಲ, ಪಾಪ" ಅಂದರು. ಆಮೇಲೆ ಎಂದಿನ ಪ್ರಶ್ನೆ ಕೇಳಿದರು. "ಹೋಗ್ಲೇನೇ?"

ನಾನು ಮುಂದಿನ ಸಂಜೆಗಳನ್ನೆಲ್ಲ ಒಂದು ಸಲ ನೆನೆಸಿಕೊಂಡೆ. ಅವ್ವ ನನಗೆ ನಡೆಯುವುದು ಕಲಿಸುವುದು, ಜಡೆ ಹಾಕುವುದು, ಸ್ಲೇಟು ಕೊಟ್ಟು ಶಾಲೆಗೆ ಕಳಿಸುವುದು. ಆದರೆ ಮರದ ಕೆಳಗಿಂದ ಆಚೆ ಬಂದ ಆ ಎರಡು ಕಾಲು ಕಣ್ಣ ಮುಂದಿನಿಂದ ಹೋಗಲಿಲ್ಲ. ಅವ್ವನನ್ನು ಎಬ್ಬಿಸಿ ಎಣಿಸು ಅನ್ನುವುದು ನನ್ನಿಂದ ಆಗುತ್ತಿತ್ತೇ?

"ಹೋಗಿ ದೊಡ್ಡಮ್ಮ" ಎಂದೆ.

"ಬತ್ತೀನಿ ಅಂತ ಹೇಳ್ಬೇಕು. ಬರಾಕಿಲ್ಲವಲ್ಲ, ಏನನ್ನನ?" ಎಂದು ತಮ್ಮಷ್ಟಕ್ಕೇ ಅಂದುಕೊಂಡರು. ಆಮೇಲೆ ನೀರಿನೊಳಗಿಂದ ಒಂದು ಉಸಿರು ಕೇಳಿತು, ದಿನವಿಡೀ ಹೊತ್ತ ಹೊರೆಯನ್ನು ಇಳಿಸಿದವರ ಉಸಿರು. ಅದು ಒಂಬತ್ತು ಕಡೆಯಿಂದ ಬಂದ ಹಾಗಿತ್ತು. ಮತ್ತೆ ಮಾತು ಬರಲಿಲ್ಲ. ಮರುದಿನ ನೀರು ಹಾಕಿ ಕರೆದು ನೋಡಿದೆ. ಅದರ ಮರುದಿನವೂ ಕರೆದೆ. ಹಸುವೊಂದು ಬಂದು ಆ ನೀರು ಕುಡಿದು ಹೋಯಿತು.

ಅವರು ಸುಖವಾಗಿದ್ದಾರೆ ಎಂದೇ ಅಂದುಕೊಂಡಿದ್ದೇನೆ. ಬೇಸರ ನನ್ನದು. ಅವ್ವ ಇನ್ನೂ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಆ ಬಾನಿಗೆ ನೀರು ತರುತ್ತಾಳೆ. ನನ್ನ ಕೈ ಹಿಡಿದು ನಡೆಸುತ್ತಾಳೆ, ಬೈಯುತ್ತಾಳೆ, ಮುದುಕಿಯಾಗುತ್ತಾಳೆ, ಒಂದು ದಿನ ಹೊಟ್ಟೆ ಹಿಡಿದುಕೊಂಡು ಹಾಸನದ ಬಸ್ಸು ಹತ್ತುತ್ತಾಳೆ. ಅದೆಲ್ಲ ದಿನಾ ಮೇಲಕ್ಕೆ ಹೋಗಿ ಮುಟ್ಟುತ್ತಲೇ ಇದೆ, ಮೇಲೆ ನೋಡುವವರು ಯಾರೂ ಇಲ್ಲ. ಹೋಗಿ ಅಂದವಳು ನಾನೇ.